‘ಹೋದ ವಾರ ಯಾಕೆ ಬರಲಿಲ್ಲ?’ ಎಂದು ಕೇಳುವವರನ್ನು ಸಂಪಾದಿಸುವ ಬಗೆ

“ಕೆಲಸಕ್ಕೆಂದು ಬೆಂಗಳೂರಿಗೆ ಬಂದು ಎರಡು ವರ್ಷವಾಯಿತು. ಸಂಬಳಕ್ಕೆ ತೊಂದರೆಯಿಲ್ಲ, ಪಿಜಿ ಊಟವೂ ಒಗ್ಗಿದೆ. ಆದರೆ ಶುಕ್ರವಾರ ಸಂಜೆ ಕಚೇರಿಯಿಂದ ಹೊರಬಿದ್ದರೆ ಸೋಮವಾರ ಬೆಳಗ್ಗೆಯವರೆಗೆ ಅಂಗಡಿಯವರನ್ನು ಬಿಟ್ಟರೆ ಯಾರ ಜೊತೆಗೂ ಮಾತಿಲ್ಲ. ಏನು ಮಾಡಲಿ?”

ಓದುಗರು ನನಗೆ ಬರೆಯುವುದರಲ್ಲಿ ಈ ಪ್ರಶ್ನೆಯೇ ಮತ್ತೆ ಮತ್ತೆ ಬರುತ್ತದೆ. ಒಮ್ಮೆ ರಾಯಚೂರಿನಿಂದ ಬಂದವರು ಕೇಳುತ್ತಾರೆ, ಇನ್ನೊಮ್ಮೆ ಶಿರಸಿಯವರು, ಮತ್ತೊಮ್ಮೆ ಕೊಳ್ಳೇಗಾಲದವರು. ಒಬ್ಬೊಬ್ಬರಿಗೂ ಬಿಡಿಯಾಗಿ ಬರೆದ ಉತ್ತರಗಳನ್ನು ಈಗ ಒಂದು ಕ್ರಮಕ್ಕೆ ತಂದು ಇಲ್ಲಿ ಇಡುತ್ತಿದ್ದೇನೆ. ಬೇರೆ ನಗರದಲ್ಲಿರುವವರಿಗೂ ಇದು ಹೊಂದುತ್ತದೆ. ಜಾಗದ ಹೆಸರುಗಳನ್ನಷ್ಟೇ ಬದಲಿಸಿಕೊಳ್ಳಿ.

ಶುರುಮಾಡುವ ಮುನ್ನ ಒಂದು ಭಾರ ಇಳಿಸಿಬಿಡುತ್ತೇನೆ. ನಿಮ್ಮಲ್ಲೇ ಏನೋ ಕೊರತೆಯಿದೆ, ಅದಕ್ಕೇ ಯಾರೂ ಹತ್ತಿರ ಬರುತ್ತಿಲ್ಲ ಎಂದು ಬಹುತೇಕರು ಬರೆಯುತ್ತೀರಿ. ವಿಶ್ವ ಆರೋಗ್ಯ ಸಂಸ್ಥೆ 2025ರ ಜೂನ್‌ನಲ್ಲಿ ಹೊರತಂದ ವರದಿಯ ಪ್ರಕಾರ ಜಗತ್ತಿನ ಪ್ರತಿ ಆರು ಮಂದಿಯಲ್ಲಿ ಒಬ್ಬರನ್ನು ಒಂಟಿತನ ಕಾಡುತ್ತಿದೆ. ವರ್ಷಕ್ಕೆ ಸುಮಾರು 8.71 ಲಕ್ಷ ಸಾವುಗಳಿಗೆ ಅದರ ನಂಟಿದೆ. ಇದು ಮುಪ್ಪಿನ ಕಷ್ಟ ಎಂದು ನಾವು ತಿಳಿದಿದ್ದೆವು. ಆದರೆ ಹದಿಹರೆಯದವರಲ್ಲಿ, ಇಪ್ಪತ್ತರ ಪ್ರಾಯದವರಲ್ಲಿಯೂ ಇದು ಬಲವಾಗಿದೆ ಎಂದು ಆ ವರದಿ ಹೇಳುತ್ತದೆ. ವರದಿಯನ್ನು ಸಿದ್ಧಪಡಿಸಿದ ಆಯೋಗದ ಇಬ್ಬರು ಅಧ್ಯಕ್ಷರಲ್ಲಿ ಒಬ್ಬರಾದ ಡಾ. ವಿವೇಕ್ ಮೂರ್ತಿಯವರ ಮನೆತನ ಮಂಡ್ಯ ಜಿಲ್ಲೆಯ ಹಲ್ಲೆಗೆರೆಯದು. ಅವರು ಅಮೆರಿಕದ ಸರ್ಜನ್ ಜನರಲ್ ಆಗಿದ್ದಾಗ, ಅಂದರೆ ಸಾರ್ವಜನಿಕ ಆರೋಗ್ಯದ ವಿಷಯದಲ್ಲಿ ಆ ದೇಶಕ್ಕೆ ತಿಳಿಹೇಳುವ ಹಿರಿಯ ವೈದ್ಯಾಧಿಕಾರಿಯಾಗಿದ್ದಾಗ, 2023ರಲ್ಲಿ ಒಂಟಿತನವನ್ನು ಸಾಂಕ್ರಾಮಿಕ ಎಂದೇ ಕರೆದು ಎಚ್ಚರಿಸಿದ್ದರು. ನಿಮ್ಮ ಕೊಠಡಿಯೊಳಗಿನ ಬೇಸರ ನಿಮ್ಮೊಬ್ಬರದೇ ಅಲ್ಲ.

ಊರಿನಲ್ಲಿ ನೀವು ಸ್ನೇಹಿತರನ್ನು ಹೇಗೆ ಮಾಡಿಕೊಂಡಿರಿ, ನೆನಪಿಸಿಕೊಳ್ಳಿ. ಮಾಡಿಕೊಳ್ಳಲಿಲ್ಲ, ತಾನಾಗಿ ಆಯಿತು. ಅದೇ ಶಾಲೆ, ಅದೇ ಬಸ್ಸು, ಅದೇ ಅರಳಿಕಟ್ಟೆ, ಸಂಜೆಗೆ ಅದೇ ನಾಲ್ಕು ಮುಖ. ನಗರ ಕಿತ್ತುಕೊಂಡದ್ದು ಈ ‘ಅದೇ’ಯನ್ನು. ದಿನಕ್ಕೆ ಸಾವಿರ ಮುಖ ಕಾಣುತ್ತೀರಿ, ಯಾವುದೂ ಎರಡನೆಯ ಸಲ ಕಾಣುವುದಿಲ್ಲ. ಹಾಗಾಗಿ ‘ಒಳ್ಳೆಯ ಸ್ನೇಹಿತರು ಎಲ್ಲಿ ಸಿಗುತ್ತಾರೆ’ ಎಂದು ಹುಡುಕಲು ಹೊರಡಬೇಡಿ. ನೀವು ಬರದಿದ್ದರೆ ಗೊತ್ತಾಗುವ ಒಂದು ಜಾಗವನ್ನು ಕಟ್ಟಿಕೊಳ್ಳಿ. ಯಾರಾದರೊಬ್ಬರು ನಿಮ್ಮನ್ನು “ಹೋದ ವಾರ ಯಾಕೆ ಬರಲಿಲ್ಲ?” ಎಂದು ಕೇಳಿದ ದಿನ ಅರ್ಧ ಕೆಲಸ ಆದಂತೆ. ಕೆಳಗಿನ ಹಂತಗಳೆಲ್ಲ ಆ ಒಂದು ಪ್ರಶ್ನೆಯ ಸುತ್ತ ಇವೆ.

ಬೇಕಾಗುವುದು

ವಾರಕ್ಕೆ ಎರಡು ಗಂಟೆ, ಅದೂ ನಿಗದಿಯಾದ ಒಂದೇ ಹೊತ್ತು. ಆರು ತಿಂಗಳ ತಾಳ್ಮೆ. ಜೇಬಿಗೆ ಹೋಗುವಷ್ಟು ಸಣ್ಣ ನೋಟ್‌ಬುಕ್. ಕಾಫಿಗೆ ಮತ್ತು ಬಸ್ಸಿಗೆ ಒಂದಿಷ್ಟು ಚಿಲ್ಲರೆ. ಮಾತುಗಾರಿಕೆ ಬೇಕಿಲ್ಲ, ಮಿತಭಾಷಿಗಳು ಈ ದಾರಿಯಲ್ಲಿ ಹಿಂದೆ ಬಿದ್ದದ್ದನ್ನು ನಾನು ಕಂಡಿಲ್ಲ. ತಪ್ಪದೆ ಬರುವವರು ಎಂಬ ಹೆಸರಿದ್ದರೆ ಸಾಕು.

1. ನಿಮಗೆ ಇಲ್ಲದಿರುವುದು ಏನೆಂದು ಮೊದಲು ತಿಳಿಯಿರಿ

ಒಬ್ಬರೇ ಇರುವುದೆಲ್ಲ ಒಂಟಿತನವಲ್ಲ. ಬೇಕೆಂದು ಆರಿಸಿಕೊಂಡರೆ ಅದು ಏಕಾಂತ, ಅದು ಮನಸ್ಸಿಗೆ ವಿಶ್ರಾಂತಿ. ಬೇಕೆನಿಸಿದಷ್ಟು ಒಡನಾಟ ಸಿಗದೆ ನೋಯುವುದು ಒಂಟಿತನ. ಮದುವೆಯಾಗಿ ತುಂಬಿದ ಮನೆಯಲ್ಲಿರುವವರಿಗೂ ಈ ನೋವು ಇರಬಹುದು.

ಇದರಲ್ಲೂ ಎರಡು ಬಗೆಯಿದೆ ಎಂದು ಅಮೆರಿಕದ ಸಮಾಜಶಾಸ್ತ್ರಜ್ಞ ರಾಬರ್ಟ್ ವೈಸ್ 1973ರಲ್ಲಿ ವಿಂಗಡಿಸಿದರು. ಮನಸ್ಸು ಬಿಚ್ಚಿ ಹೇಳಿಕೊಳ್ಳಲು ಒಬ್ಬ ಆಪ್ತ ಜೀವವಿಲ್ಲದ್ದು ಒಂದು. ಜೊತೆಗೆ ನಕ್ಕು ನಲಿಯಲು, ಹೋಗಿಬರಲು ಬಳಗವಿಲ್ಲದ್ದು ಇನ್ನೊಂದು. ಒಂದರ ಮದ್ದು ಇನ್ನೊಂದಕ್ಕೆ ನಾಟುವುದಿಲ್ಲ. ಊರಿನಲ್ಲಿ ಪ್ರಾಣಸ್ನೇಹಿತೆಯಿದ್ದು ದಿನವೂ ಫೋನಿನಲ್ಲಿ ಮಾತನಾಡಿದರೂ ಭಾನುವಾರ ಖಾಲಿಯೆನಿಸಿದರೆ ನಿಮಗೆ ಬೇಕಿರುವುದು ಬಳಗ. ಕಚೇರಿಯಲ್ಲಿ ಹತ್ತು ಮಂದಿಯ ನಡುವೆ ನಗುತ್ತಿದ್ದರೂ ಜ್ವರ ಬಂದ ರಾತ್ರಿ ಯಾರಿಗೆ ಫೋನ್ ಮಾಡಲಿ ಎಂದು ತೋಚದಿದ್ದರೆ ನಿಮಗೆ ಬೇಕಿರುವುದು ಆಪ್ತರು. ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಎರಡರಲ್ಲಿ ಯಾವುದು ಎಂದು ಬರೆಯಿರಿ. ಬಳಗ ಬೇಕಾದವರು 2ರಿಂದ 4ನೆಯ ಹಂತಗಳಲ್ಲಿ ಹೆಚ್ಚು ದುಡಿಯಿರಿ. ಆಪ್ತರು ಬೇಕಾದವರು 5ರಿಂದ 7ನೆಯ ಹಂತಗಳಲ್ಲಿ.

ಎಚ್ಚರಿಕೆ: ಎರಡು ವಾರಕ್ಕೂ ಮಿಕ್ಕಿ ನಿದ್ದೆ, ಹಸಿವು ಕೆಟ್ಟಿದ್ದರೆ, ಹಿಂದೆ ಖುಷಿ ಕೊಡುತ್ತಿದ್ದ ಯಾವುದೂ ಬೇಡವೆನಿಸಿದರೆ, ಬದುಕೇ ಸಾಕೆಂಬ ಯೋಚನೆ ಬಂದಿದ್ದರೆ ಈ ಲೇಖನವನ್ನು ಪಕ್ಕಕ್ಕಿಟ್ಟು 14416ಕ್ಕೆ ಕರೆ ಮಾಡಿ. ಅದು ಟೆಲಿ ಮಾನಸ್, 2022ರ ಅಕ್ಟೋಬರ್‌ನಲ್ಲಿ ಆರಂಭವಾದ ಕೇಂದ್ರ ಸರ್ಕಾರದ ಉಚಿತ ಮಾನಸಿಕ ಆರೋಗ್ಯ ಸಹಾಯವಾಣಿ. ಇದಕ್ಕೆ ಮಾರ್ಗದರ್ಶನ ನೀಡುವ ಮುಖ್ಯ ಸಂಸ್ಥೆ ನಮ್ಮ ನಿಮ್ಹಾನ್ಸ್. ಹಗಲಿರುಳೂ ಕನ್ನಡದಲ್ಲಿ ಮಾತನಾಡಬಹುದು. ಖಿನ್ನತೆ ಎನ್ನುವುದು ಕಾಯಿಲೆ, ಅದಕ್ಕೆ ಚಿಕಿತ್ಸೆಯಿದೆ. ಕಾಲು ಮುರಿದವರಿಗೆ ನಡೆಯಲು ಹೇಳಿದಂತೆ, ಖಿನ್ನತೆಯಲ್ಲಿರುವವರಿಗೆ ಹೋಗಿ ಸ್ನೇಹ ಮಾಡು ಎನ್ನುವುದು ತಪ್ಪು. ಚಿಕಿತ್ಸೆ ಮೊದಲು.

2. ಜಾಗ ಆರಿಸಿ

ಹೆಚ್ಚಿನವರು ಸೋಲುವುದು ಇಲ್ಲಿಯೇ. ಆದ್ದರಿಂದ ಸ್ವಲ್ಪ ನಿಧಾನವಾಗಿ ಓದಿ.

ಜಾಗಕ್ಕೆ ಮೂರು ಪರೀಕ್ಷೆ. ವಾರವಾರವೂ ಅದೇ ಜನ ಬರಬೇಕು. ಮಾತಿಗೆ ಮೊದಲು ಕೈಗೆ ಒಂದು ಕೆಲಸವಿರಬೇಕು. ಆಡುವುದೋ ಹಾಡುವುದೋ ಗಿಡ ನೆಡುವುದೋ. ಮತ್ತು ಮನೆಯಿಂದ ಅರ್ಧ ಗಂಟೆಯೊಳಗೆ ತಲುಪುವಂತಿರಬೇಕು. ಮೂರನೆಯದನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಯಲಹಂಕದಲ್ಲಿರುವವರು ಜಯನಗರದ ತರಗತಿಗೆ ಉತ್ಸಾಹದಿಂದ ಸೇರುತ್ತಾರೆ, ಮೂರನೆಯ ವಾರ ಮಳೆ ಬರುತ್ತದೆ, ಸಂಚಾರ ನಿಲ್ಲುತ್ತದೆ, ಅಲ್ಲಿಗೆ ಮುಗಿಯಿತು. ಮಹಿಳೆಯರಿಗೆ 2023ರ ಜೂನ್‌ನಿಂದ ಶಕ್ತಿ ಯೋಜನೆಯಡಿ ಬಿಎಂಟಿಸಿಯ ಸಾಮಾನ್ಯ ಬಸ್ಸುಗಳಲ್ಲಿ ಟಿಕೆಟ್ ಹಣ ಕೊಡಬೇಕಿಲ್ಲ. ಒಂದೇ ಬಸ್ಸಿನಲ್ಲಿ ಹೋಗಿಬರುವಂಥ ಜಾಗ ಹುಡುಕಿದರೆ ಖರ್ಚು ಎಂಬ ನೆಪವೂ ಉಳಿಯುವುದಿಲ್ಲ.

ಈ ಪರೀಕ್ಷೆಯಲ್ಲಿ ಜಿಮ್ ಸೋಲುತ್ತದೆ, ಎಲ್ಲರ ಕಿವಿಯಲ್ಲೂ ಇಯರ್‌ಫೋನ್. ಮಾಲ್ ಸೋಲುತ್ತದೆ. ಸಭಿಕರಾಗಿ ಕೂರುವ ಕಾರ್ಯಕ್ರಮಗಳೂ ಅರ್ಧ ಸೋಲುತ್ತವೆ, ಈ ಮಾತಿಗೆ ಕೆಲವರು ಬೇಸರಪಡಬಹುದು. ಡಿವಿಜಿಯವರು 1945ರಲ್ಲಿ ಕಟ್ಟಿದ ಗೋಖಲೆ ಸಾರ್ವಜನಿಕ ವಿಚಾರ ಸಂಸ್ಥೆಯ ಉಪನ್ಯಾಸ, ಚಾಮರಾಜಪೇಟೆಯ ಸಾಹಿತ್ಯ ಪರಿಷತ್ತಿನ ಸಮಾರಂಭ, ಜೆ.ಪಿ. ನಗರದ ರಂಗಶಂಕರದ ನಾಟಕ, ಇವೆಲ್ಲ ಮನಸ್ಸಿಗೆ ಊಟ. ಖಂಡಿತ ಹೋಗಿ. ಆದರೆ ಎಲ್ಲರೂ ವೇದಿಕೆಗೆ ಮುಖಮಾಡಿ ಕುಳಿತಾಗ ಪಕ್ಕದವರಿಗೆ ನಿಮ್ಮ ಭುಜ ಮಾತ್ರ ಕಾಣುತ್ತದೆ. ಅಂಥ ಕಡೆ ಹೋಗುವುದಾದರೆ ಅರ್ಧ ಗಂಟೆ ಮೊದಲೇ ಹೋಗಿ, ಕುರ್ಚಿ ಜೋಡಿಸುತ್ತಿರುವವರ ಬಳಿ “ನಾನೂ ಒಂದು ಕೈ ಹಾಕಲೇ?” ಎಂದು ಕೇಳಿ. ಬೇಡ ಎನ್ನುವವರು ಅಪರೂಪ. ಮುಂದಿನ ಸಲ ಅವರೇ ನಿಮ್ಮನ್ನು ಹುಡುಕುತ್ತಾರೆ.

ಗೆಲ್ಲುವ ಜಾಗಗಳು ಯಾವುವು? ನನ್ನ ಮೊದಲ ಆಯ್ಕೆ ಹವ್ಯಾಸಿ ನಾಟಕ ತಂಡ. ನಟನೆ ಬರಬೇಕೆಂದಿಲ್ಲ, ರಂಗಸಜ್ಜಿಕೆ, ಬೆಳಕು, ವಸ್ತ್ರ, ಚಹಾ ತರುವುದು, ಎಲ್ಲದಕ್ಕೂ ಜನ ಬೇಕು. ಸಂಜೆ ಎರಡು ಗಂಟೆಯ ತಾಲೀಮು ವಾರಕ್ಕೆ ಐದು ದಿನ, ಆರು ವಾರ ನಡೆದರೆ ಅರುವತ್ತು ಗಂಟೆಗಳ ಒಡನಾಟ. ಆ ಸಂಖ್ಯೆಯ ಬೆಲೆ ಮುಂದಿನ ಹಂತದಲ್ಲಿ ತಿಳಿಯುತ್ತದೆ. ಎರಡನೆಯದು ನಾಲ್ವರು ಸೇರಿ ಆಡುವ ಷಟಲ್: ಒಬ್ಬರು ಬರದಿದ್ದರೂ ಆಟ ಕೆಡುತ್ತದೆ, ಹಾಗಾಗಿ ಫೋನ್ ಬಂದೇ ಬರುತ್ತದೆ. ಯಕ್ಷಗಾನದ ಹೆಜ್ಜೆ, ಗಮಕ, ಸುಗಮ ಸಂಗೀತ ಕಲಿಸುವ ಆರಂಭಿಕರ ತರಗತಿಗಳೂ ಒಳ್ಳೆಯವು, ಅಲ್ಲಿ ಎಲ್ಲರೂ ಹೊಸಬರು, ಎಲ್ಲರೂ ತಪ್ಪುತ್ತಾರೆ. ಪುಟ್ಟೇನಹಳ್ಳಿ, ಕೈಕೊಂಡ್ರಹಳ್ಳಿಯಂಥ ಕೆರೆಗಳನ್ನು ಸುತ್ತಲಿನ ನಿವಾಸಿಗಳೇ ಗುಂಪು ಕಟ್ಟಿಕೊಂಡು ಕಾಪಾಡಿಕೊಂಡು ಬಂದಿದ್ದಾರೆ. ನಿಮ್ಮ ಬಡಾವಣೆಯ ಕೆರೆಗೂ ಅಂಥ ಗುಂಪಿದೆಯೇ ವಿಚಾರಿಸಿ. ಮಾತು ಬೇಡವೇ ಬೇಡ ಎನ್ನುವವರಿಗೆ ಕಬ್ಬನ್ ಪಾರ್ಕಿನಲ್ಲಿ 2023ರಲ್ಲಿ ಶುರುವಾದ ಶನಿವಾರದ ಮೌನ ಓದು ಇದೆ. ಚಾಪೆ ಮತ್ತು ಪುಸ್ತಕ ಹಿಡಿದು ಹೋಗಿ ಮರದ ಕೆಳಗೆ ಕುಳಿತರೆ ಸಾಕು.

ಇನ್ನೊಂದು ಜಾಗ ನಿಮ್ಮ ಪಿಜಿಯಲ್ಲಿಯೇ ಇರಬಹುದು. ಬಿಹಾರದಿಂದಲೋ ಒಡಿಶಾದಿಂದಲೋ ಬಂದ ಸಹವಾಸಿಗೆ ಕನ್ನಡ ಬೇಕಾಗಿದೆ: ಆಟೋದವರೊಂದಿಗೆ, ತರಕಾರಿಯವರೊಂದಿಗೆ ಮಾತನಾಡಲು. ವಾರಕ್ಕೆ ಎರಡು ದಿನ ರಾತ್ರಿ ಊಟದ ನಂತರ ಅರ್ಧ ಗಂಟೆ ಕಲಿಸುತ್ತೇನೆ ಎಂದು ಹೇಳಿ ನೋಡಿ. ಕೊಡಲು ನಿಮ್ಮಲ್ಲಿ ಏನೂ ಇಲ್ಲ ಎನ್ನುವ ಭಾವನೆ ಆ ವಾರವೇ ಹೋಗುತ್ತದೆ.

3. ಹತ್ತು ವಾರ ತಪ್ಪಿಸಬೇಡಿ

ಅಮೆರಿಕದ ಕ್ಯಾನ್ಸಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ ಎಂಬ ಪ್ರಾಧ್ಯಾಪಕರು, ಹೊಸ ಊರಿಗೆ ಬಂದು ನೆಲೆಸಿದವರನ್ನೂ ಹೊಸದಾಗಿ ವಿಶ್ವವಿದ್ಯಾಲಯ ಸೇರಿದವರನ್ನೂ ಅಧ್ಯಯನ ಮಾಡಿ 2018ರಲ್ಲಿ ಒಂದು ಲೆಕ್ಕ ಕೊಟ್ಟರು. ಬರೀ ಪರಿಚಯ ಸಾಧಾರಣ ಗೆಳೆತನವಾಗಲು ಸುಮಾರು 50 ಗಂಟೆ, ಗೆಳೆತನ ಎನ್ನುವಂತಾಗಲು 90 ಗಂಟೆ, ಆಪ್ತ ಸ್ನೇಹಕ್ಕೆ 200 ಗಂಟೆಗೂ ಹೆಚ್ಚು ಒಟ್ಟಿಗೆ ಕಳೆಯಬೇಕು. ಬರೀ ಕಚೇರಿ ಕೆಲಸದಲ್ಲಿ ಒಟ್ಟಿಗೆ ಕಳೆದ ಗಂಟೆಗಳಿಗೆ ಅಷ್ಟು ಬೆಲೆಯಿಲ್ಲ ಎಂದೂ ಅವರು ಕಂಡುಕೊಂಡರು. ಎರಡು ವರ್ಷ ಪಕ್ಕದ ಕುರ್ಚಿಯಲ್ಲಿ ಕುಳಿತವರ ಮನೆಯ ವಿಳಾಸವೂ ನಿಮಗೆ ಗೊತ್ತಿಲ್ಲದಿರುವುದಕ್ಕೆ ಇದೇ ಕಾರಣ.

ಈಗ ನಿಮ್ಮ ಲೆಕ್ಕ ಹಾಕಿ. ವಾರಕ್ಕೆ ಎರಡು ಗಂಟೆಯಾದರೆ 50 ಗಂಟೆಗೆ 25 ವಾರ ಬೇಕು, ಅಂದರೆ ಹತ್ತಿರ ಹತ್ತಿರ ಆರು ತಿಂಗಳು. ಎರಡು ಸಲ ಹೋಗಿ ಬಂದು “ಯಾರೂ ಮಾತನಾಡಿಸಲಿಲ್ಲ, ಅಲ್ಲಿ ಆಗಲೇ ಗುಂಪುಗಳಿವೆ” ಎಂದು ಬಿಟ್ಟುಬಿಡುವವರು ನಾಲ್ಕು ಗಂಟೆಗೆ ಸ್ನೇಹ ಕೇಳಿದಂತಾಯಿತು. ಹಿಟ್ಟು ಹುದುಗುವ ಮೊದಲೇ ಇಡ್ಲಿ ಬೇಯಿಸಿದರೆ ಗಟ್ಟಿಯಾಗುವುದು ಹಿಟ್ಟಿನ ತಪ್ಪಲ್ಲ.

ಮೊದಲ ಹತ್ತು ವಾರ ನಿಮ್ಮಿಂದ ನಾನು ಬೇರೇನೂ ಕೇಳುವುದಿಲ್ಲ. ಹೋಗಿ, ಅದೇ ಹೊತ್ತಿಗೆ, ಸಾಧ್ಯವಾದರೆ ಅದೇ ಮೂಲೆಯಲ್ಲಿ ನಿಲ್ಲಿ. ಹೋದ ದಿನವನ್ನು ನೋಟ್‌ಬುಕ್ಕಿನಲ್ಲಿ ಗುರುತು ಹಾಕಿ. ನಾಲ್ಕನೆಯ ವಾರದ ಆಸುಪಾಸಿನಲ್ಲಿ ‘ಇದೆಲ್ಲ ಯಾಕೆ’ ಎನಿಸುತ್ತದೆ. ಎಲ್ಲರಿಗೂ ಅನಿಸುತ್ತದೆ. ಆ ವಾರ ತಪ್ಪದೆ ಹೋಗಿ.

4. ಮುಖಪರಿಚಯದಿಂದ ಹೆಸರಿಗೆ

ಒಂದು ಹೆಸರು ತಿಳಿದರೆ ಮನೆಗೆ ಬಂದ ಕೂಡಲೇ ಬರೆದುಕೊಳ್ಳಿ, ಜೊತೆಗೆ ಅವರು ಹೇಳಿದ ಒಂದು ಸಂಗತಿ: ‘ಮಗಳಿಗೆ ಪರೀಕ್ಷೆ’, ‘ತಂದೆಗೆ ಕಣ್ಣಿನ ಶಸ್ತ್ರಚಿಕಿತ್ಸೆ’. ಮುಂದಿನ ವಾರ ಅದನ್ನೇ ಕೇಳಿ. ಹೊಸ ವಿಷಯಗಳನ್ನು ಹುಡುಕಿ ತರುವುದಕ್ಕಿಂತ ಹಳೆಯ ಸಂಗತಿಯನ್ನು ನೆನಪಿಟ್ಟು ಕೇಳುವುದರಲ್ಲಿ ಹೆಚ್ಚು ಬಲವಿದೆ. “ಪರೀಕ್ಷೆ ಹೇಗಾಯಿತು?” ಎಂದಾಗ ಎದುರಿನವರ ಮುಖ ಅರಳುವುದನ್ನು ಗಮನಿಸಿ.

ಕನ್ನಡಿಗರ ಮಾತು ಶುರುವಾಗುವುದೇ “ನಿಮ್ಮದು ಯಾವ ಊರು?” ಎಂಬಲ್ಲಿಂದ. ಒಳ್ಳೆಯ ಪ್ರಶ್ನೆ. ಆದರೆ ಅದರ ಬೆನ್ನಿಗೆ ಅಡ್ಡಹೆಸರು ಏನು, ಮನೆಯಲ್ಲಿ ಮಾಂಸ ತಿನ್ನುತ್ತೀರಾ, ಯಾವ ಮಠಕ್ಕೆ ನಡೆದುಕೊಳ್ಳುತ್ತೀರಿ ಎಂದು ಕೆದಕುತ್ತಾ ಜಾತಿಯ ಬುಡಕ್ಕೆ ಕೈ ಹಾಕುವ ಅಭ್ಯಾಸವೂ ನಮ್ಮಲ್ಲಿದೆ. ಆ ದಾರಿ ಹಿಡಿಯಬೇಡಿ. ಕೇಳಿಸಿಕೊಂಡವರು ಆ ಕ್ಷಣದಲ್ಲಿ ಬಾಗಿಲು ಮುಚ್ಚುತ್ತಾರೆ, ಮತ್ತೆ ತೆರೆಯುವುದಿಲ್ಲ. ಊರು ಕೇಳಿದ ಮೇಲೆ ಆ ಊರಿನ ಜಾತ್ರೆ ಯಾವಾಗ, ಬಸ್ ನಿಲ್ದಾಣದ ಹತ್ತಿರ ಏನು ಚೆನ್ನಾಗಿ ಸಿಗುತ್ತದೆ, ಮಳೆ ಹೇಗೆ ಎಂದು ಕೇಳಿ. ನಿಮ್ಮ ಮಾತಿನ ಧಾಟಿಗೆ ನಾಚಿಕೆಪಡಬೇಡಿ. ಕಲಬುರಗಿಯ ಮಾತನ್ನು ಬೆಂಗಳೂರಿನ ಮಾತಿಗೆ ತಿದ್ದಿಕೊಂಡು ಆಡಲು ಹೋದರೆ ಅರ್ಧ ಗಮನ ಉಚ್ಚಾರಣೆಗೇ ಹೋಗುತ್ತದೆ, ಎದುರಿನವರಿಗೆ ಉಳಿಯುವುದು ಅರ್ಧ ಮನುಷ್ಯ ಮಾತ್ರ.

ಮನೆಗೆ ಬಂದ ಮೇಲೆ ‘ನಾನು ಏನೇನೋ ಮಾತನಾಡಿಬಿಟ್ಟೆ, ಅವರಿಗೆ ಬೇಜಾರಾಗಿರಬೇಕು’ ಎಂದು ಕೊರಗುವವರು ಬಹಳ. ಇದಕ್ಕೆ ಮನಶ್ಶಾಸ್ತ್ರದಲ್ಲಿ ಒಂದು ಹೆಸರಿದೆ, ‘ಮೆಚ್ಚುಗೆಯ ಅಂತರ’ ಎನ್ನಬಹುದು: ಮೊದಲ ಮಾತುಕತೆಯ ನಂತರ ಎದುರಿನವರು ನಮ್ಮನ್ನು ಎಷ್ಟು ಮೆಚ್ಚಿದರು ಎಂಬುದನ್ನು ನಾವು ಇದ್ದದ್ದಕ್ಕಿಂತ ಕಡಿಮೆಯಾಗಿಯೇ ಅಂದಾಜು ಮಾಡುತ್ತೇವೆ. 2018ರಲ್ಲಿ ಪ್ರಕಟವಾದ ಪ್ರಯೋಗಗಳಲ್ಲಿ ಇದು ಕಂಡುಬಂತು. ಹೆಚ್ಚು ಕಾಲ ಒಂಟಿಯಾಗಿದ್ದವರ ಮನಸ್ಸು ಇನ್ನೂ ಸೂಕ್ಷ್ಮ; ಬೇರೆ ಏನೋ ಯೋಚನೆಯಲ್ಲಿ ನಗದೆ ಹೋದವರನ್ನೂ ಅದು ತಿರಸ್ಕಾರವೆಂದೇ ಓದುತ್ತದೆ. ಹಾಗಾದ ದಿನ ನೋಟ್‌ಬುಕ್ಕಿನಲ್ಲಿ ಬರೆಯಿರಿ: ‘ನಗಲಿಲ್ಲ. ಕಾರಣ ನನಗೆ ತಿಳಿಯದು.’ ಎರಡೇ ವಾಕ್ಯ, ಮೂರನೆಯದನ್ನು ಸೇರಿಸಬೇಡಿ.

5. ಬೈ ಟು ಕಾಫಿ

ಪರಿಚಯವನ್ನು ಆ ಜಾಗದಿಂದ ಹೊರಗೆ ತರದಿದ್ದರೆ ಅದು ಪರಿಚಯವಾಗಿಯೇ ಉಳಿಯುತ್ತದೆ. ಹೊರಗೆ ಕರೆಯುವುದು ಎಂದರೆ ಎದೆ ನಡುಗುತ್ತದೆ ನಿಜ. ಅದಕ್ಕೆ ಈ ಊರು ಒಂದು ಸುಲಭ ಉಪಾಯವನ್ನು ಮೊದಲೇ ಮಾಡಿಟ್ಟಿದೆ. ಅದು ಬೈ ಟು ಕಾಫಿ: ಒಂದು ಕಾಫಿಯನ್ನು ಎರಡು ಲೋಟಕ್ಕೆ ಹಂಚಿ ಕುಡಿಯುವುದು.

ದರ್ಶಿನಿಯ ಎತ್ತರದ ಮೇಜಿನ ಮುಂದೆ ನಿಂತೇ ಕುಡಿಯಬೇಕು, ಕುರ್ಚಿಯಿಲ್ಲ. ಹತ್ತು ನಿಮಿಷದಲ್ಲಿ ಲೋಟ ಖಾಲಿ. ಮಾತು ಹೊಂದಿದರೆ ಇನ್ನೊಂದು ಬೈ ಟು. ಹೊಂದದಿದ್ದರೆ “ಸರಿ, ಬರುತ್ತೇನೆ” ಎಂದು ಹೊರಡಲು ಯಾರಿಗೂ ಮುಜುಗರವಿಲ್ಲ. ಖರ್ಚು ಕಡಿಮೆ, ಋಣದ ಲೆಕ್ಕವೂ ಹುಟ್ಟುವುದಿಲ್ಲ. ಊಟಕ್ಕೆ ಕರೆದರೆ ಎರಡು ಗಂಟೆ ಎದುರುಬದುರು ಕೂರಬೇಕು, ಅದು ಹೊಸ ಪರಿಚಯಕ್ಕೆ ಹೊರಲಾರದ ಭಾರ.

ಕರೆಯುವ ಬಗೆಯೂ ಮುಖ್ಯ. “ಯಾವಾಗಲಾದರೂ ಸಿಗೋಣ” ಎನ್ನಬೇಡಿ. ಆ ‘ಯಾವಾಗಲಾದರೂ’ ಪಂಚಾಂಗದಲ್ಲಿ ಇಲ್ಲ. “ತಾಲೀಮು ಮುಗಿದ ಮೇಲೆ ಮೂಲೆಯ ದರ್ಶಿನಿಯಲ್ಲಿ ಒಂದು ಬೈ ಟು ಹೊಡೆದು ಹೋಗೋಣವೇ?” ಎನ್ನಿ. ಇವತ್ತು, ಇಲ್ಲಿಯೇ, ಹತ್ತು ನಿಮಿಷ. ಇಲ್ಲ ಎಂದರೆ ಎರಡು ವಾರ ಬಿಟ್ಟು ಇನ್ನೊಮ್ಮೆ ಕೇಳಿ. ಮೂರು ಸಲ ಇಲ್ಲ ಎಂದವರನ್ನು ಮತ್ತೆ ಕೇಳಬೇಡಿ, ಆದರೆ ಮುನಿಸು ಬೇಡ, ನಗು ಮುಂದುವರಿಯಲಿ. ಮಹಿಳೆಯರಿಗೆ ಒಂದು ಮಾತು: ಮೊದಲ ನಾಲ್ಕೈದು ಭೇಟಿಗಳು ಜನ ಓಡಾಡುವ ಜಾಗದಲ್ಲಿ, ಬೆಳಕಿರುವಾಗಲೇ ಆಗಲಿ, ಎಲ್ಲಿದ್ದೀರಿ ಎಂದು ಒಬ್ಬರಿಗಾದರೂ ಗೊತ್ತಿರಲಿ. ಹಾಗೆ ಎಚ್ಚರ ವಹಿಸಿದ್ದಕ್ಕೆ ಬೇಸರಪಡುವವರ ಸ್ನೇಹ ನಿಮಗೆ ಬೇಡ.

ಈ ಹಂತದಲ್ಲಿಯೇ ವಂಚಕರೂ ಎದುರಾಗುತ್ತಾರೆ

ಒಂಟಿಯಾಗಿರುವವರ ಮುಖ ನೋಡಿಯೇ ಗುರುತಿಸುವವರಿದ್ದಾರೆ. ಪುಸ್ತಕದಂಗಡಿಯಲ್ಲಿ, ಪಾರ್ಕಿನಲ್ಲಿ ತಾವಾಗಿ ಮಾತನಾಡಿಸಿ, ಎರಡನೆಯ ಭೇಟಿಯಲ್ಲಿಯೇ “ಒಬ್ಬ ಮಾರ್ಗದರ್ಶಕರನ್ನು ಪರಿಚಯಿಸುತ್ತೇನೆ, ಹೆಚ್ಚುವರಿ ಆದಾಯದ ದಾರಿಯಿದೆ” ಎನ್ನುವವರು ಸರಪಳಿ ಮಾರಾಟದವರು: ನೀವು ಹಣ ಕಟ್ಟಿ ಸೇರಿ, ನಿಮ್ಮ ಕೆಳಗೆ ಇನ್ನಷ್ಟು ಮಂದಿಯನ್ನು ಸೇರಿಸಬೇಕಾದ ವ್ಯವಹಾರ. ಮೊಬೈಲಿನಲ್ಲಿ ಅಪರಿಚಿತರು ತಪ್ಪಿ ಬಂದ ಸಂದೇಶದಂತೆ ಮಾತು ಶುರುಮಾಡಿ, ತಿಂಗಳುಗಟ್ಟಲೆ ಅಕ್ಕರೆ ತೋರಿಸಿ, ಕೊನೆಗೆ ಹೂಡಿಕೆಯ ಆ್ಯಪ್ ತೋರಿಸುತ್ತಾರೆ. ಮುಖ ನೋಡದವರು ಹಣದ ಮಾತೆತ್ತಿದರೆ ಅಲ್ಲಿಗೆ ನಿಲ್ಲಿಸಿ. ಹಣ ಹೋಗಿದ್ದರೆ ಆ ಗಳಿಗೆಯಲ್ಲೇ 1930ಕ್ಕೆ, ಅಂದರೆ ಸೈಬರ್ ವಂಚನೆಯ ಸಹಾಯವಾಣಿಗೆ ಕರೆ ಮಾಡಿ. ತಡಮಾಡಿದಷ್ಟೂ ಹಣ ಕೈತಪ್ಪುತ್ತದೆ. ನಾಚಿಕೆಯಿಂದ ಮುಚ್ಚಿಡಬೇಡಿ. ಮಾತಿಗಾಗಿ ಹಂಬಲಿಸಿದ್ದು ನಿಮ್ಮ ತಪ್ಪಲ್ಲ, ಅದನ್ನು ದೋಚಿದ್ದು ಅವರ ತಪ್ಪು.

ಮೊಬೈಲಿನ ಯಂತ್ರಮಿತ್ರರ ಜೊತೆ, ಅಂದರೆ ಮನುಷ್ಯರಂತೆ ಉತ್ತರಿಸುವ ಎಐ ಆ್ಯಪ್‌ಗಳ ಜೊತೆ, ರಾತ್ರಿಯಿಡೀ ಹರಟುತ್ತೇವೆ, ಸಾಲದೇ ಎಂದೂ ಕೇಳುತ್ತೀರಿ. ಮನಸ್ಸಿನ ಮಾತನ್ನು ಸರಿಯಾಗಿ ಜೋಡಿಸಿಕೊಳ್ಳಲು ಅದು ನೆರವಾದೀತು. ಆದರೆ ನೀವು ಬರದಿದ್ದರೆ ಅದಕ್ಕೆ ಏನೂ ಅನಿಸುವುದಿಲ್ಲ.

6. ಹೆಪ್ಪು ಕೇಳಿ

ಬಾಡಿಗೆ ಮನೆಯಲ್ಲಿರುವವರಿಗೆ ಈ ಹಂತ. ಎದುರು ಬಾಗಿಲು ಮೂರು ಹೆಜ್ಜೆ ದೂರದಲ್ಲಿದ್ದರೂ ಅಲ್ಲಿರುವವರ ಹೆಸರು ತಿಳಿಯದೆ ವರ್ಷ ಕಳೆಯುತ್ತದೆ. ಏನಾದರೂ ಕೊಟ್ಟು ಪರಿಚಯ ಮಾಡಿಕೊಳ್ಳೋಣ ಎಂದು ನಾವು ಯೋಚಿಸುತ್ತೇವೆ. ನಾನು ಹೇಳುವುದು ಇದಕ್ಕೆ ತಿರುಗು: ಮೊದಲು ಕೇಳಿ. ಸಣ್ಣದನ್ನು ಕೇಳಿ.

ನಾನು ಈ ಊರಿಗೆ ಬಂದ ಹೊಸತರಲ್ಲಿ ಒಂದು ರಾತ್ರಿ ಹಾಲು ಕಾಯಿಸಿದ್ದೆ, ಮನೆಯಲ್ಲಿ ಮೊಸರು ತೊಟ್ಟೂ ಇರಲಿಲ್ಲ. ಸ್ಟೀಲ್ ಬಟ್ಟಲು ಹಿಡಿದು ಎದುರು ಮನೆಯ ಗಂಟೆ ಒತ್ತಿ “ಒಂದು ಚಮಚ ಹೆಪ್ಪು ಸಿಗುತ್ತದೆಯೇ?” ಎಂದೆ. ಅವರು ಚಮಚದ ಲೆಕ್ಕವನ್ನೇ ಬಿಟ್ಟು ಅರ್ಧ ಬಟ್ಟಲು ಹಾಕಿ, “ಹಾಲು ಉಗುರುಬೆಚ್ಚಗಿರಲಿ, ಚಳಿ ಇದೆ, ಪಾತ್ರೆಗೆ ಬಟ್ಟೆ ಸುತ್ತಿಡಿ” ಎಂದರು. ಕೇಳಿದಾಗ ಎದುರಿನವರಿಗೆ ತಾವು ಬೇಕಾದವರು ಎನಿಸುತ್ತದೆ, ಹೇಳಿಕೊಡಲು ಏನೋ ಇದೆ ಎನಿಸುತ್ತದೆ. ಸಾವಿರ ರೂಪಾಯಿಯ ಸಿಹಿ ಪೊಟ್ಟಣ ಈ ಕೆಲಸ ಮಾಡಲಾರದು.

ಆಮೇಲೆ ನಮ್ಮ ಹಿರಿಯರ ಪದ್ಧತಿ ತಾನಾಗಿ ಮುಂದುವರಿಸುತ್ತದೆ: ಬೇರೆಯವರ ಮನೆಯ ಪಾತ್ರೆಯನ್ನು ಬರಿದಾಗಿ ಹಿಂತಿರುಗಿಸಬಾರದು. ಎರಡು ಬಾಳೆಹಣ್ಣಾದರೂ ಸರಿ, ಹಿಡಿ ಕಡಲೆಕಾಯಿಯಾದರೂ ಸರಿ, ಹಾಕಿ ಕೊಡಿ. ಅವರ ಪಾತ್ರೆ ನಿಮ್ಮಲ್ಲಿಗೆ, ನಿಮ್ಮದು ಅವರಲ್ಲಿಗೆ ಓಡಾಡುತ್ತಿರುವಷ್ಟು ಕಾಲ ಬಾಗಿಲು ತೆರೆದಿರುತ್ತದೆ. ಹಬ್ಬಗಳನ್ನೂ ಬಳಸಿಕೊಳ್ಳಿ. ಸಂಕ್ರಾಂತಿಯ ದಿನ ಎಳ್ಳು ಬೀರುವುದಕ್ಕೆ ಯಾರ ಮನೆಗೂ ಪೂರ್ವಾನುಮತಿ ಬೇಡ. ಎಳ್ಳು, ಬೆಲ್ಲ, ಕೊಬ್ಬರಿ, ಹುರಿಗಡಲೆಯ ಪೊಟ್ಟಣಗಳನ್ನು ಹಿಡಿದು ಮಹಡಿಯ ಪ್ರತಿ ಬಾಗಿಲಿಗೂ ಹೋಗಬಹುದು. ನಿಮ್ಮದು ಬೇರೆ ಧರ್ಮವಾದರೆ ನಿಮ್ಮ ಹಬ್ಬದ ತಿನಿಸು ಅದೇ ಕೆಲಸ ಮಾಡುತ್ತದೆ. ಗಂಡಸರು ಈ ಹಂತವನ್ನು ‘ಇದು ಹೆಂಗಸರ ವ್ಯವಹಾರ’ ಎಂದು ಬಿಟ್ಟುಬಿಡುತ್ತೀರಿ. ಬಿಡಬೇಡಿ, ಬಟ್ಟಲು ನಿಮ್ಮ ಕೈಯಲ್ಲೂ ಹಿಡಿಯುತ್ತದೆ.

7. ಒಂದು ಕಷ್ಟ ಹೇಳಿಕೊಳ್ಳಿ

ಆರು ತಿಂಗಳು ಕಳೆದು, ನಗು, ಕಾಫಿ, ಹರಟೆ ಎಲ್ಲ ಇದ್ದರೂ ಇನ್ನೂ ಮೇಲ್ಮೇಲೆಯೇ ಇದೆ ಎನಿಸಿದರೆ, ಎಲ್ಲ ಚೆನ್ನಾಗಿದೆ ಎಂದು ನೀವೇ ಹೇಳುತ್ತಾ ಬಂದಿರುವುದು ಕಾರಣವಿರಬಹುದು. ಒಬ್ಬರನ್ನು ಆರಿಸಿಕೊಂಡು, ನಿಜವಾದ ಆದರೆ ಚಿಕ್ಕದಾದ ಒಂದು ಕಷ್ಟವನ್ನು ಹೇಳಿ. ಕೆಲಸದಲ್ಲಿ ಆದ ಅವಮಾನ, ಮನೆಯಲ್ಲಿ ಮದುವೆಯ ಒತ್ತಾಯ, ಅಮ್ಮನ ಮಂಡಿನೋವು. ಅವರು ಕೇಳಿಸಿಕೊಂಡು ತಮ್ಮದೊಂದನ್ನು ಹೇಳಿದರೆ ನಂಟು ಒಂದು ಮೆಟ್ಟಿಲು ಆಳಕ್ಕೆ ಇಳಿಯಿತು. ಮಾತು ತಿರುಗಿಸಿದರೆ ಅವರ ಜೊತೆ ಕಾಫಿಯ ಸ್ನೇಹವೇ ಸಾಕು, ಅದಕ್ಕೂ ಬೆಲೆಯಿದೆ. ಒಂದೇ ಸಲಕ್ಕೆ ಹತ್ತು ವರ್ಷದ ಸಂಕಟವನ್ನೆಲ್ಲ ಸುರಿಯಬೇಡಿ. ಸಹಾಯ ಕೇಳುವುದೂ ಇದೇ ಬಗೆ: ಮನೆ ಬದಲಿಸುವಾಗ ಡಬ್ಬಗಳನ್ನು ಇಳಿಸಲು, ಆಸ್ಪತ್ರೆಗೆ ಜೊತೆ ಬರಲು ಕೇಳಿ.

ಈ ಮಾತಿಗೆ ಸೇರಿದ್ದೇ ಇನ್ನೊಂದು. ನೀವು ಬಿಟ್ಟುಬಂದ ಮನೆಯಲ್ಲಿಯೂ ಒಂಟಿತನ ಇದೆ. ಅಪ್ಪ ಅಮ್ಮನಿಗೆ ಫೋನ್ ಮಾಡಿದಾಗ “ಊಟ ಆಯಿತೇ, ಔಷಧಿ ತೆಗೆದುಕೊಂಡಿರಾ” ಎಂಬಲ್ಲಿಗೆ ಮಾತು ಮುಗಿಯುತ್ತಿದ್ದರೆ, ಅವರಿಂದಲೂ ಒಂದು ಹೆಪ್ಪು ಕೇಳಿ: ಸಾರಿನ ಪುಡಿಯ ಅಳತೆ, ಹೊಲದ ಲೆಕ್ಕ, ಅಜ್ಜನ ಕಥೆ. ಹಿರಿಯರಿಗೆಂದೇ 14567 ಎಂಬ ರಾಷ್ಟ್ರೀಯ ಸಹಾಯವಾಣಿಯೂ ಇದೆ. ಸಂಖ್ಯೆಯನ್ನು ಅವರ ಮೊಬೈಲಿನಲ್ಲಿ ಹಾಕಿಕೊಡಿ.

8. ಈಗ ಕೇಳುವವರು ನೀವಾಗಿ

ಆ ಪ್ರಶ್ನೆ ನಿಮ್ಮನ್ನು ಯಾರಾದರೂ ಕೇಳುವವರೆಗೆ ಕಾಯಬೇಕಿಲ್ಲ. ಐದಾರು ವಾರ ಹೋದ ಮೇಲೆ ಯಾರು ಬಂದಿಲ್ಲ ಎಂಬುದು ನಿಮಗೂ ಗೊತ್ತಾಗುತ್ತದೆ. ಅದೇ ರಾತ್ರಿ ಒಂದು ಸಂದೇಶ ಕಳುಹಿಸಿ: “ಇವತ್ತು ಕಾಣಲಿಲ್ಲ, ಹುಷಾರಾಗಿದ್ದೀರಲ್ಲ?” ಇಷ್ಟೇ. ಕಾರಣ ಕೆದಕಬೇಡಿ, ಬರಲೇಬೇಕು ಎಂದು ಒತ್ತಬೇಡಿ. ಸಂಖ್ಯೆ ಇಲ್ಲದಿದ್ದರೆ ಮುಂದಿನ ವಾರ ಎದುರಿಗೇ ಕೇಳಿ. ಬಾಡಿಗೆ ಕರಾರು ಹನ್ನೊಂದು ತಿಂಗಳಿಗೆ ಮುಗಿದು ಬಡಾವಣೆ ಬದಲಿಸಿದವರಿಗೂ ಇದೇ ಸಂದೇಶ ತಿಂಗಳಿಗೊಮ್ಮೆ ಹೋಗಲಿ.

ಹತ್ತು ವಾರ ತಪ್ಪದೆ ಹೋಗಿಯೂ ಒಂದು ಹೆಸರೂ ನೋಟ್‌ಬುಕ್ಕಿಗೆ ಬರದಿದ್ದರೆ ಜಾಗವನ್ನು ಬದಲಿಸಿ, ನಿಮ್ಮನ್ನು ಬದಲಿಸಿಕೊಳ್ಳಲು ಹೋಗಬೇಡಿ. ಎರಡನೆಯ ಹಂತಕ್ಕೆ ಹಿಂತಿರುಗಿ ಮೂರು ಪರೀಕ್ಷೆಗಳನ್ನು ಮತ್ತೆ ಹಚ್ಚಿ ನೋಡಿ. ಹೆಚ್ಚಿನ ಸಲ ಕೈಗೆ ಕೆಲಸವಿಲ್ಲದ ಜಾಗವನ್ನು ಆರಿಸಿರುತ್ತೀರಿ. ಹೊಸ ಜಾಗಕ್ಕೆ ಹೋದ ಮೊದಲ ದಿನ ಬಾಗಿಲ ಬಳಿ, ಚಪ್ಪಲಿ ಬಿಡುವಲ್ಲಿ, ಒಳಗೆ ಹೋಗುವುದೋ ಬೇಡವೋ ಎಂದು ನಿಂತಿರುವ ಇನ್ನೊಬ್ಬರು ಕಾಣಬಹುದು. ಮೊದಲು ಅವರ ಹೆಸರು ಕೇಳಿ.